ಟೆಂಪೊರಲ್ ಲಾಜಿಕ್ ಬಳಸಿ ಕಂಪ್ಯೂಟರ್ ವ್ಯವಸ್ಥೆ ಸರಿಯಾಗಿದೆ ಎಂದು ಹೇಗೆ ಪರಿಶೀಲಿಸುತ್ತಾರೆ?

ಹುಬ್ಬಳ್ಳಿ–ಧಾರವಾಡದ ಚಿಗರಿ ಬಸ್ ಪಥವನ್ನು ಅಡ್ಡರಸ್ತೆಯೊಂದು ದಾಟುವ ಸಿಗ್ನಲ್ ತೆಗೆದುಕೊಳ್ಳಿ. ಅದರ ತಂತ್ರಾಂಶದಿಂದ ನಮಗೆ ಬೇಕಾದದ್ದು ಎರಡು. ‘ಬಸ್ಸಿಗೂ ಅಡ್ಡರಸ್ತೆಗೂ ಒಟ್ಟಿಗೆ ಹಸಿರು ಎಂದಿಗೂ ಬರಬಾರದು’ ಎಂಬುದು ಸುರಕ್ಷತೆ. ‘ಕಾದು ನಿಂತವರಿಗೆ ಎಂದಾದರೂ ಹಸಿರು ಬಂದೇ ಬರಬೇಕು’ ಎಂಬುದನ್ನು ಲೈವ್‌ನೆಸ್ ಎನ್ನುತ್ತಾರೆ. ಎರಡನೆಯದನ್ನು ಬರೆಯಲು ಬಹಳ ಜನ ಮರೆಯುತ್ತಾರೆ. ಸದಾ ಕೆಂಪನ್ನೇ ತೋರಿಸುವ ಸಿಗ್ನಲ್ ಕೂಡ ಮೊದಲನೆಯ ನಿಯಮವನ್ನು ಪೂರ್ತಿಯಾಗಿ ಪಾಲಿಸುತ್ತದೆ ಎಂಬುದನ್ನು ಗಮನಿಸಿ.

ಸಾಮಾನ್ಯ ತರ್ಕಕ್ಕೆ ‘ಸದಾ’, ‘ಎಂದಾದರೂ’, ‘ಮುಂದಿನ ಕ್ಷಣ’, ‘ಅಲ್ಲಿಯವರೆಗೆ’ ಎಂಬ ಕಾಲಸೂಚಕಗಳನ್ನು ಸೇರಿಸಿದರೆ ಟೆಂಪೊರಲ್ ಲಾಜಿಕ್ ಆಗುತ್ತದೆ. ಪ್ರೋಗ್ರಾಂಗಳಿಗೆ ಅದನ್ನು ಅನ್ವಯಿಸುವ ದಾರಿಯನ್ನು 1977ರಲ್ಲಿ ತೋರಿಸಿದವರು ಗಣಕ ವಿಜ್ಞಾನಿ ಅಮೀರ್ ಪ್ನುಯೆಲಿ. ಗಣಕ ವಿಜ್ಞಾನದ ದೊಡ್ಡ ಗೌರವವಾದ ಟ್ಯೂರಿಂಗ್ ಪ್ರಶಸ್ತಿ 1996ರಲ್ಲಿ ಅವರಿಗೆ ಸಂದಿತು.

ಪರಿಶೀಲನೆಯ ಕೆಲಸ ಸ್ಪಿನ್‌ನಂಥ ಮಾಡೆಲ್ ಚೆಕರ್‌ನದು, ಅಂದರೆ ಮಾದರಿಯೊಂದು ನಿಯಮ ಪಾಲಿಸುತ್ತದೆಯೇ ಎಂದು ತಾನಾಗಿಯೇ ನೋಡುವ ತಂತ್ರಾಂಶದ್ದು. ವ್ಯವಸ್ಥೆ ಹೇಗೆ ನಡೆಯುತ್ತದೆ ಎಂದು ವಿವರಿಸಿ ನೀವು ಬರೆದ ಮಾದರಿ ತಲುಪಬಹುದಾದ ಸ್ಥಿತಿಗಳನ್ನೆಲ್ಲ ಅದು ಶೋಧಿಸುತ್ತದೆ. ನಿಯಮ ಮುರಿದರೆ, ಆ ತಪ್ಪಿನವರೆಗೆ ನಡೆದ ಹೆಜ್ಜೆಗಳನ್ನು ಒಂದೊಂದಾಗಿ ಮುಂದಿಡುತ್ತದೆ. ನನ್ನ ದೃಷ್ಟಿಯಲ್ಲಿ ಇದರ ನಿಜವಾದ ಬೆಲೆ ಇರುವುದೇ ಇಲ್ಲಿ: ಸಾಮಾನ್ಯ ಪರೀಕ್ಷೆಯಲ್ಲಿ ಅಪರೂಪಕ್ಕೊಮ್ಮೆ ತಲೆಯೆತ್ತುವ ದೋಷವೂ ಸಾಕ್ಷಿಸಮೇತ ಸಿಕ್ಕಿಬೀಳುತ್ತದೆ. ಆದರೆ ಘಟಕಗಳು ಹೆಚ್ಚಿದಂತೆ ಸ್ಥಿತಿಗಳ ಸಂಖ್ಯೆ ಮಿತಿಮೀರಿ ಬೆಳೆಯುತ್ತದೆ. ಆದ್ದರಿಂದ ಮೊದಲು ಒಂದೇ ಸಿಗ್ನಲ್‌ನ ಮಾದರಿ ಬರೆದು ನೋಡಿ.