ಸೆಕೆಂಡ್ ಟೀಮ್ ಅಂದರೆ ಬಿ ಟೀಮ್ ಅಲ್ಲ

ಹಾಸನದ ಓದುಗರೊಬ್ಬರ ಮೊಮ್ಮಗಳು ಚಿಕಾಗೊ ಹತ್ತಿರದ ಊರೊಂದರಲ್ಲಿ ಹನ್ನೊಂದನೇ ತರಗತಿ ಓದುತ್ತಿದ್ದಾಳೆ, ಹೈಸ್ಕೂಲ್ ವಾಲಿಬಾಲ್ ತಂಡದಲ್ಲಿ ಔಟ್‌ಸೈಡ್ ಹಿಟ್ಟರ್, ಅಂದರೆ ನೆಟ್ಟಿನ ಎಡತುದಿಯಿಂದ ಹೊಡೆಯುವವಳು. ಸೀಸನ್ ಮುಗಿದ ಮೇಲೆ ಮಗ ಕಳಿಸಿದ ಒಂದು ಪುಟದ ಫಲಿತಾಂಶವನ್ನು ಅವರು ಪತ್ರದ ಜೊತೆ ನಮಗೂ ಕಳಿಸಿದ್ದಾರೆ. ತಂಡದ್ದು ‘ಓವರಾಲ್ 21-9, ಕಾನ್ಫರೆನ್ಸ್ 10-4’. ಹುಡುಗಿಗೆ ‘ಆಲ್-ಕಾನ್ಫರೆನ್ಸ್ ಸೆಕೆಂಡ್ ಟೀಮ್’. ಪತ್ರದಲ್ಲಿ ನಾಲ್ಕು ಪ್ರಶ್ನೆಗಳಿವೆ. ಮೊಮ್ಮಗಳನ್ನು ಬಿ ಟೀಮಿಗೆ ಹಾಕಿದರೇ? ಹಿಟ್ಟಿಂಗ್ .241 ಎಂದರೆ ನೂರಕ್ಕೆ ಇಪ್ಪತ್ತನಾಲ್ಕೇ? ಗೆಳತಿಯ ಡಿಗ್ (ಎದುರಾಳಿಯ ಹೊಡೆತವನ್ನು ಎತ್ತಿದ್ದು) 250 ಇರುವಾಗ ಇವಳದು 61 ಏಕೆ? ಇದರಿಂದ ಕಾಲೇಜಿನಲ್ಲಿ ಸ್ಕಾಲರ್‌ಶಿಪ್ ಸಿಗುತ್ತದೆಯೇ? ಕೊನೆಯ ಸಾಲಿನಲ್ಲಿ, ಈ ಗೌರವದ ಗುರುತಾಗಿ ಶಾಲೆಯ ಜಾಕೆಟ್ಟಿಗೆ ಹೊಲಿಯುವ ಪ್ಯಾಚಿನ ವಿಷಯವೂ ಇದೆ. ಅಮೆರಿಕದಲ್ಲಿ ಮಕ್ಕಳು, ಮೊಮ್ಮಕ್ಕಳು ಇರುವ ಬೇರೆ ಓದುಗರಿಗೂ ಇಂಥ ಪುಟಗಳು ಬರುತ್ತಿರಬಹುದೆಂದು ಉತ್ತರವನ್ನು ಸ್ವಲ್ಪ ಉದ್ದಕ್ಕೇ ಬರೆಯುತ್ತಿದ್ದೇವೆ.

ಮೊದಲು ಬಿ ಟೀಮಿನ ಆತಂಕ ಕಳೆಯೋಣ. ಶಾಲೆಯ ಮುಖ್ಯ ತಂಡಕ್ಕೆ ಅಲ್ಲಿ ವಾರ್ಸಿಟಿ ಎನ್ನುತ್ತಾರೆ, ಅದರ ಕೆಳಗಿನದು ಜೆವಿ. ನಿಮ್ಮ ಮೊಮ್ಮಗಳು ಆಡಿದ್ದು ವಾರ್ಸಿಟಿಯಲ್ಲೇ. ‘ಸೆಕೆಂಡ್ ಟೀಮ್’ ಎಂಬುದು ಅಂಗಳಕ್ಕೆ ಇಳಿಯುವ ತಂಡವೇ ಅಲ್ಲ, ಕಾಗದದ ಮೇಲಿನ ಗೌರವದ ಪಟ್ಟಿ. ಕಾನ್ಫರೆನ್ಸ್ ಎಂದರೆ ಅಕ್ಕಪಕ್ಕದ ಕೆಲವು ಶಾಲೆಗಳ ಒಕ್ಕೂಟ, ನಮ್ಮ ಹೋಬಳಿಯ ಹಾಗೆ ಎಂದುಕೊಳ್ಳಿ. ಆದರೆ ಹೋಬಳಿ ಪಂದ್ಯದಲ್ಲಿ ಸೋತವರು ಅಂದೇ ಮನೆಗೆ. ಇಲ್ಲಿ ಹಾಗಲ್ಲ, ಎಲ್ಲರೂ ಎಲ್ಲರ ಮೇಲೂ ಆಡಬೇಕು. 10-4 ಎಂದರೆ ಹದಿನಾಲ್ಕು ಪಂದ್ಯ, ಅಂದರೆ ಎಂಟು ಶಾಲೆಗಳು ಪರಸ್ಪರ ಎರಡೆರಡು ಸಲ ಆಡಿರಬೇಕು.

ಸೀಸನ್ನಿನ ಕೊನೆಗೆ ಆ ಎಂಟು ಶಾಲೆಗಳ ಕೋಚ್‌ಗಳು ಸೇರಿ ಮತ ಹಾಕುತ್ತಾರೆ. ತಮ್ಮ ಹುಡುಗಿಯರ ಹೆಸರು ಸೂಚಿಸಬಹುದು, ಆದರೆ ಸಾಮಾನ್ಯವಾಗಿ ಅವರಿಗೆ ತಾವೇ ಮತ ಹಾಕುವಂತಿಲ್ಲ. ಹೆಚ್ಚು ಮತ ಬಿದ್ದವರು ಫಸ್ಟ್ ಟೀಮ್, ನಂತರದವರು ಸೆಕೆಂಡ್ ಟೀಮ್, ಆಮೇಲೆ ಆನರಬಲ್ ಮೆನ್ಷನ್. ನಿಮ್ಮ ಮೊಮ್ಮಗಳಿಗೆ ಬಿದ್ದ ಮತಗಳೆಲ್ಲ ಅವಳ ಹೊಡೆತ ತಿಂದ ತಂಡಗಳ ಕೋಚ್‌ಗಳದ್ದು. ಈ ಗೌರವದ ನಿಜವಾದ ಬೆಲೆ ಇರುವುದು ಅಲ್ಲೇ.

ಕೊರತೆಯೂ ಇದೆ, ಹೇಳಿಬಿಡೋಣ. ಹಲವು ಒಕ್ಕೂಟಗಳಲ್ಲಿ ಜಾಗಗಳನ್ನು ಅಂಕಪಟ್ಟಿ ನೋಡಿ ಹಂಚುತ್ತಾರೆ. ಮೊದಲ ಸ್ಥಾನದ ಶಾಲೆಗೆ ಹೆಚ್ಚು, ಕೊನೆಯದಕ್ಕೆ ಒಂದೋ ಎರಡೋ. ಹೀಗಾಗಿ ಸೋತ ತಂಡದ ಒಳ್ಳೆಯ ಆಟಗಾರ್ತಿ ಗೆದ್ದ ತಂಡದ ಸಾಧಾರಣ ಆಟಗಾರ್ತಿಗಿಂತ ಕೆಳಗಿನ ಪಟ್ಟಿಯಲ್ಲಿ ಉಳಿಯುವುದುಂಟು. ಆನರಬಲ್ ಮೆನ್ಷನ್ ಎಷ್ಟೋ ಕಡೆ ಶಾಲೆಗೊಂದರಂತೆ ಕೊಡುವ ತಾಂಬೂಲ. ಕರಾವಳಿಯ ಹೊನಲು ಬೆಳಕಿನ ಪಂದ್ಯಾವಳಿಗಳಲ್ಲಿ ಉತ್ತಮ ಹೊಡೆತಗಾರ, ಉತ್ತಮ ಎತ್ತುಗಾರ, ಸವ್ಯಸಾಚಿ ಎಂದು ಕೆಲಸ ಹೆಸರಿಸಿ ಬಹುಮಾನ ಕೊಡುತ್ತಾರಲ್ಲ, ಎಲ್ಲ ಕಾನ್ಫರೆನ್ಸ್‌ಗಳಲ್ಲೂ ಆ ಅಚ್ಚುಕಟ್ಟಿಲ್ಲ. ಅಂಗಳದಲ್ಲಿ ಆಡುವ ಸ್ಥಾನ ನೋಡದೆ ಮತ ಎಣಿಸುವ ಕಡೆ ಫಸ್ಟ್ ಟೀಮ್ ತುಂಬ ಹೊಡೆಯುವವರೇ ಇರುತ್ತಾರೆ. ಹಿಂದೆ ನಿಂತು ಚೆಂಡು ಎತ್ತುವ ಲಿಬೆರೊಗಳು ಕಣ್ಣಿಗೆ ಬೀಳುವುದಿಲ್ಲ.

ಈಗ 21-9. ಇದರ ಪಕ್ಕದ 10-4ನ್ನು ಕೂಡಿಸಿ 31-13 ಎಂದುಕೊಳ್ಳುವವರಿದ್ದಾರೆ. ಹಾಗಲ್ಲ, 10-4 ಆ 21-9ರ ಒಳಗೇ ಇದೆ. ಅದನ್ನು ಕಳೆದರೆ ಕಾನ್ಫರೆನ್ಸಿನ ಹೊರಗೆ 11-5 ಉಳಿಯುತ್ತದೆ. ಶನಿವಾರದ ಆಹ್ವಾನಿತ ಪಂದ್ಯಾವಳಿಗಳು, ದೂರದ ಶಾಲೆಗಳ ಜೊತೆಗಿನ ಪಂದ್ಯಗಳು, ಕೊನೆಯ ನಾಕೌಟ್ ಎಲ್ಲ ಈ ಹದಿನಾರರಲ್ಲಿ ಬಂದವು. ಇಲಿನಾಯ್ಸ್‌ನಲ್ಲಿ ನಾಕೌಟ್ ಹಂತಗಳು ರೀಜನಲ್, ಸೆಕ್ಷನಲ್, ಸೂಪರ್-ಸೆಕ್ಷನಲ್, ಸ್ಟೇಟ್ ಎಂದು ಸಾಗುತ್ತವೆ. ಶಾಲೆಗಳನ್ನು ಮಕ್ಕಳ ಸಂಖ್ಯೆ ನೋಡಿ 1ಎಯಿಂದ 4ಎವರೆಗೆ ನಾಲ್ಕು ವರ್ಗ ಮಾಡಿರುತ್ತಾರೆ. ಸೀಸನ್ನಿನಲ್ಲಿ ಎಷ್ಟು ಗೆದ್ದಿದ್ದರೂ ಇಲ್ಲಿ ಒಂದು ಸೋಲಿಗೆ ಆಟ ಮುಗಿಯಿತು. ನಿಮ್ಮ ಮಗ ‘ರೀಜನಲ್ ಫೈನಲ್‌ನಲ್ಲಿ ಸೋತರು’ ಎಂದು ಬರೆದಿದ್ದಾರಲ್ಲ, ಒಂಬತ್ತು ಸೋಲುಗಳಲ್ಲಿ ಕೊನೆಯದು ಅದು.

ತಂಡದ ಬಲ ಅಳೆಯುವುದಾದರೆ ನಾವು ನೋಡುವುದು ಕಾನ್ಫರೆನ್ಸಿನ ಅಂಕಿಯನ್ನೇ. ಓವರಾಲ್ ಅಂಕಿಯನ್ನು ದುರ್ಬಲ ತಂಡಗಳ ಜೊತೆ ಪಂದ್ಯ ಹಾಕಿಕೊಂಡು ಊದಿಸಬಹುದು, ಕಾನ್ಫರೆನ್ಸಿನ ಎದುರಾಳಿಗಳನ್ನು ಆರಿಸಿಕೊಳ್ಳಲು ಬರುವುದಿಲ್ಲ. ಕಾಲೇಜಿನ ಅಂಕಿಗಳನ್ನೂ ಹೀಗೇ ಬಿಡಿಸಿ ಓದಬೇಕು. 2023ರಲ್ಲಿ ನೆಬ್ರಾಸ್ಕಾ ವಿಶ್ವವಿದ್ಯಾಲಯದ ಮಹಿಳಾ ತಂಡದ ಸಾಧನೆ 33-2, ಬಿಗ್ ಟೆನ್ ಕಾನ್ಫರೆನ್ಸಿನಲ್ಲಿ 19-1. ಎರಡು ಸೋಲುಗಳಲ್ಲಿ ಒಂದು ಕಾನ್ಫರೆನ್ಸಿನ ಒಳಗೆ, ವಿಸ್ಕಾನ್ಸಿನ್ ಎದುರು. ಇನ್ನೊಂದು ರಾಷ್ಟ್ರೀಯ ಫೈನಲ್‌ನಲ್ಲಿ ಟೆಕ್ಸಾಸ್ ಎದುರು, 25-22, 25-14, 25-11. ವರ್ಷವಿಡೀ ಹೆಚ್ಚುಕಡಿಮೆ ಯಾರಿಗೂ ಸಿಗದ ತಂಡ ಕೊನೆಯ ದಿನ ಮೂರೇ ಸೆಟ್ಟಿನಲ್ಲಿ ನೆಲಕಚ್ಚಿತು. ಅದೇ ವರ್ಷ ಬಿಗ್ ಟೆನ್ ಪ್ರಶಸ್ತಿ ನೆಬ್ರಾಸ್ಕಾಕ್ಕೆ ಹೋದರೂ ಕಾನ್ಫರೆನ್ಸಿನ ವರ್ಷದ ಆಟಗಾರ್ತಿಯಾದದ್ದು ವಿಸ್ಕಾನ್ಸಿನ್‌ನ ಸಾರಾ ಫ್ರಾಂಕ್ಲಿನ್. ತಂಡದ ಸ್ಥಾನವೇ ಬೇರೆ, ವ್ಯಕ್ತಿಯ ಗೌರವವೇ ಬೇರೆ. (ಈ ಆಟಕ್ಕೆ ಅಲ್ಲಿರುವ ಹುಚ್ಚನ್ನೂ ಹೇಳಿಬಿಡುತ್ತೇವೆ. ಆ ವರ್ಷದ ಆಗಸ್ಟ್ 30ರಂದು ಲಿಂಕನ್ ನಗರದ ಫುಟ್ಬಾಲ್ ಕ್ರೀಡಾಂಗಣದಲ್ಲಿ ನೆಬ್ರಾಸ್ಕಾದ ಒಂದು ವಾಲಿಬಾಲ್ ಪಂದ್ಯ ನೋಡಲು 92,003 ಜನ ಸೇರಿದ್ದರು.)

ಇನ್ನು .241. ಮೂವತ್ತೈದು ಬಂದರೆ ಪಾಸ್ ಎಂದು ಬೆಳೆದವರಿಗೆ ಇಪ್ಪತ್ತನಾಲ್ಕು ಗಾಬರಿ ಹುಟ್ಟಿಸುವುದು ಸಹಜ. ನೀವು ಕಳಿಸಿದ ಪುಟದಲ್ಲಿ ಅವಳ ಒಟ್ಟು ಹೊಡೆತ 481, ಕಿಲ್ 177, ತಪ್ಪು 61. ಕಿಲ್ ಎಂದರೆ ಹೊಡೆದ ಚೆಂಡು ನೇರವಾಗಿ ಪಾಯಿಂಟ್ ತಂದದ್ದು. ತಪ್ಪು ಎಂದರೆ ನೆಟ್ಟಿಗೆ ಬಡಿದದ್ದು, ಗೆರೆಯಾಚೆ ಹೋದದ್ದು, ಎದುರಾಳಿ ಬ್ಲಾಕ್ ಮಾಡಿ ನಮ್ಮ ಅಂಗಳದಲ್ಲೇ ಕೆಡವಿದ್ದು. ಉಳಿದ 243 ಹೊಡೆತಗಳನ್ನು ಎದುರಾಳಿ ಎತ್ತಿ ಆಟ ಮುಂದುವರಿಸಿದ್ದಾರೆ. 177ರಲ್ಲಿ 61 ಕಳೆದರೆ 116, ಅದನ್ನು 481ರಿಂದ ಭಾಗಿಸಿದರೆ .241. ಇಲ್ಲಿ ಪ್ರತಿ ತಪ್ಪಿಗೂ ಒಂದು ಅಂಕ ಕಳೆಯುತ್ತಾರೆ, ನಮ್ಮ ಸಿಇಟಿಯಲ್ಲಿ ಇಲ್ಲದ ನೆಗೆಟಿವ್ ಮಾರ್ಕಿಂಗ್. ಮೂರು ಕಿಲ್, ಐದು ತಪ್ಪು, ಹನ್ನೆರಡು ಹೊಡೆತ ಎಂದಾದರೆ ಸೊನ್ನೆಗಿಂತ ಕೆಳಗೆ, ಮೈನಸ್ .167ಕ್ಕೆ ಇಳಿಯುತ್ತದೆ. ಕಳೆಯುವುದನ್ನು ಬಿಟ್ಟು ನೋಡಿದರೆ ನಿಮ್ಮ ಮೊಮ್ಮಗಳ ಪ್ರತಿ ನೂರು ಹೊಡೆತದಲ್ಲಿ ಸುಮಾರು 37 ಪಾಯಿಂಟ್ ಆಗಿವೆ. ಪಾಸಾದಳು.

ಔಟ್‌ಸೈಡ್ ಹಿಟ್ಟರ್‌ಗೆ .241 ಒಳ್ಳೆಯ ಅಂಕಿಯೇ. ಅದೇ ತಂಡದ ಮಿಡ್ಲ್ ಬ್ಲಾಕರ್‌ಗೆ .319 ಇದೆಯಲ್ಲ ಎಂದು ನೀವು ಕೇಳಬಹುದು. ಆಕೆ ಹೊಡೆದದ್ದು 210 ಚೆಂಡು ಮಾತ್ರ. ಸರ್ವ್ ಚೆನ್ನಾಗಿ ಎತ್ತಿ, ಚೆಂಡು ಸೆಟ್ಟರ್ (ಹೊಡೆಯುವವರಿಗೆ ಚೆಂಡು ಎತ್ತಿಕೊಡುವವಳು) ಕೈಗೆ ನೆಟ್ ಹತ್ತಿರವೇ ಬಂದಾಗಷ್ಟೇ ನಡುವಿನ ಹುಡುಗಿಗೆ ಕ್ವಿಕ್, ಅಂದರೆ ತಗ್ಗಿನ ವೇಗದ ಚೆಂಡು ಕೊಡುವುದು. ಪಾಸ್ ಕೆಟ್ಟಾಗ, ಸೆಟ್ಟರ್ ಹತ್ತು ಅಡಿ ಗೆರೆಯಾಚೆ ಓಡಿ ಹೇಗೋ ಮೇಲೆತ್ತಿದ ಚೆಂಡು ಎಡತುದಿಗೆ, ನಿಮ್ಮ ಮೊಮ್ಮಗಳ ಕಡೆಗೆ ಬರುತ್ತದೆ. ಎದುರಿಗೆ ಇಬ್ಬರು ಕೈಯೆತ್ತಿ ನಿಂತಿರುತ್ತಾರೆ. ಆ ಚೆಂಡನ್ನು ಬ್ಲಾಕಿನ ಹೊರಗೈಗೆ ತಾಗಿಸಿ ಆಚೆ ಕಳಿಸಿದರೆ ಕಿಲ್. ಜೀವಂತವಾಗಿ ಆಚೆ ದಾಟಿಸಿದರೂ ಕೆಲಸ ಆದಂತೆಯೇ, ಲೆಕ್ಕದಲ್ಲಿ ಮಾತ್ರ ಅದು ಬರೀ ಒಂದು ಹೊಡೆತ. ಆದ್ದರಿಂದ ಔಟ್‌ಸೈಡನ್ನು ಔಟ್‌ಸೈಡ್ ಜೊತೆಗೇ ಹೋಲಿಸಬೇಕು.

177 ಕಿಲ್ ಕಡಿಮೆ ಎನಿಸುವುದಕ್ಕೂ ಕಾರಣವಿದೆ. ಟೆಕ್ಸಾಸಿನಲ್ಲಿರುವ ಸಂಬಂಧಿಕರ ಹುಡುಗಿಗೆ 300 ಕಿಲ್ ಎಂದು ಬರೆದಿದ್ದೀರಿ. ಇಲಿನಾಯ್ಸ್ ಹೈಸ್ಕೂಲುಗಳಲ್ಲಿ ಪಂದ್ಯ ಮೂರು ಸೆಟ್ಟಿನದು, ಎರಡು ಗೆದ್ದರೆ ಮುಗಿಯಿತು. ಟೆಕ್ಸಾಸಿನಲ್ಲಿ ಐದು ಸೆಟ್ಟಿನದು, ಮೂರು ಗೆಲ್ಲಬೇಕು. ನಿಮ್ಮ ಮೊಮ್ಮಗಳು 68 ಸೆಟ್ ಆಡಿದ್ದಾಳೆ, ಆ ಹುಡುಗಿ 115. ಭಾಗಿಸಿ ನೋಡಿ: ಸೆಟ್ಟಿಗೆ 2.60 ಒಬ್ಬಳದು, 2.61 ಇನ್ನೊಬ್ಬಳದು. ಒಟ್ಟು ಅಂಕಿ ಹಿಡಿದು ಮದುವೆಮನೆಯಲ್ಲಿ ವಾದಕ್ಕೆ ಕೂರುವ ಮೊದಲು ‘ಎಸ್‌ಪಿ’ ಎಂಬ ಕಾಲಂ ನೋಡಿಕೊಳ್ಳಿ, ಆಡಿದ ಸೆಟ್ಟುಗಳ ಸಂಖ್ಯೆ ಅಲ್ಲಿರುತ್ತದೆ.

ಡಿಗ್ 61ರ ಗುಟ್ಟು ಬದಲಿ ಆಟಗಾರರ ನಿಯಮದಲ್ಲಿದೆ. ನಮ್ಮಲ್ಲಿ ನಡೆಯುವ ಅಂತಾರಾಷ್ಟ್ರೀಯ ನಿಯಮದಲ್ಲಿ ಸೆಟ್ಟಿಗೆ ಆರು ಬದಲಿ, ಹೊರಗೆ ಹೋದವರು ಅದೇ ಸೆಟ್ಟಿನಲ್ಲಿ ಒಮ್ಮೆ ಮಾತ್ರ ವಾಪಸಾಗಬಹುದು. ಅಮೆರಿಕದ ಹೈಸ್ಕೂಲಿನಲ್ಲಿ ಸೆಟ್ಟಿಗೆ 18, ಕಾಲೇಜು ಮಹಿಳೆಯರಿಗೆ 15. ಹೀಗಾಗಿ ಎತ್ತರದ ಹುಡುಗಿ ಮುಂದಿನ ಸಾಲಿನ ಮೂರು ಸ್ಥಾನ ಮುಗಿಸಿ ಹಿಂದೆ ಬರುತ್ತಿದ್ದಂತೆ ಕೋಚ್ ಅವಳನ್ನು ಹೊರಗೆ ಕರೆದು, ಕೆಳಚೆಂಡು ಎತ್ತುವ ಹುಡುಗಿಯನ್ನು ಇಳಿಸುತ್ತಾರೆ. ಮತ್ತೆ ಮುಂದಿನ ಸಾಲಿನ ಸರದಿ ಬಂದಾಗ ಅದಲುಬದಲು. ಸೆಟ್ಟಿನಲ್ಲಿ ಅರ್ಧ ಹೊತ್ತು ಬೆಂಚಿನ ಮೇಲಿದ್ದರೂ ಕಾಲಂನಲ್ಲಿ ಪೂರ್ತಿ ಒಂದು ಸೆಟ್ ಎಂದೇ ದಾಖಲಾಗುತ್ತದೆ. 68 ಸೆಟ್ಟಿಗೆ 61 ಡಿಗ್ ಬಂದದ್ದು ಹಾಗೆ. ಆ 250ರ ಗೆಳತಿ ಲಿಬೆರೊ, ಇಡೀ ಹೊತ್ತು ಹಿಂದೆ ನಿಲ್ಲುವುದೇ ಅವಳ ಕೆಲಸ. ಅಲ್ಲಿ ಲಿಬೆರೊ ಒಂದು ಸರದಿಯಲ್ಲಿ ಸರ್ವ್ ಕೂಡ ಮಾಡಬಹುದು. ಅವಳ ಹೆಸರಿನ ಮುಂದೆ ಏಸ್‌ಗಳು (ಸರ್ವ್‌ನಿಂದಲೇ ನೇರವಾಗಿ ಬಂದ ಪಾಯಿಂಟ್) ಇರುವುದು ಅಚ್ಚಿನ ತಪ್ಪಲ್ಲ.

ಡಿಗ್ ಅಂಕಿಯನ್ನು ನಾವು ಅರ್ಧ ಅನುಮಾನದಿಂದಲೇ ಓದುತ್ತೇವೆ. ನಿಯಮದ ಪ್ರಕಾರ ಎದುರಾಳಿಯ ದಾಳಿಯನ್ನು ಎತ್ತಿದರೆ ಮಾತ್ರ ಡಿಗ್. ಸರ್ವ್ ಎತ್ತಿದ್ದು ಬೇರೆ ಕಾಲಂ, ಸುಮ್ಮನೆ ದಾಟಿಸಿದ ಫ್ರೀ ಬಾಲ್ ಎತ್ತಿದ್ದು ಲೆಕ್ಕಕ್ಕೇ ಇಲ್ಲ. ಹೈಸ್ಕೂಲಿನಲ್ಲಿ ಲೆಕ್ಕ ಬರೆಯುವವರು ಬಹುಪಾಲು ಜೆವಿ ಹುಡುಗಿಯರು ಅಥವಾ ಯಾರದೋ ಅಪ್ಪ. ಕೈಗೆ ತಾಗಿದ್ದೆಲ್ಲ ಡಿಗ್ ಆಗಿಬಿಡುತ್ತದೆ. ಬ್ಲಾಕಿನಲ್ಲೂ ಇಂಥದೇ ತೊಡಕು. ಇಬ್ಬರು ಸೇರಿ ಕೆಡವಿದರೆ ಇಬ್ಬರಿಗೂ ಒಂದೊಂದು ಬ್ಲಾಕ್ ಅಸಿಸ್ಟ್, ತಂಡದ ಒಟ್ಟು ಲೆಕ್ಕದಲ್ಲಿ ಅವು ಅರ್ಧರ್ಧ. ಸೆಟ್ಟರ್‌ಗಳ ಅಸಿಸ್ಟ್ (ಕಿಲ್ ಆಗುವಂತೆ ಎತ್ತಿಕೊಟ್ಟ ಚೆಂಡು) ನೋಡುವಾಗ ಒಬ್ಬಳೇ ಸೆಟ್ಟರೋ ಇಬ್ಬರೋ ಎಂದು ಕೇಳಿ. ಇಬ್ಬರಿದ್ದರೆ ಅಂಕಿ ಪಾಲಾಗಿರುತ್ತದೆ.

ಸ್ಕಾಲರ್‌ಶಿಪ್ ವಿಷಯದಲ್ಲಿ ಖಂಡತುಂಡವಾಗಿ ಹೇಳುವುದಾದರೆ, ಆಲ್-ಕಾನ್ಫರೆನ್ಸ್ ಸೆಕೆಂಡ್ ಟೀಮ್ ಅರ್ಜಿಯಲ್ಲಿ ಒಂದು ಸಾಲು, ಅಷ್ಟೇ. ಹುಡುಗಿಯರ ಹೈಸ್ಕೂಲ್ ಸೀಸನ್ ಆಗಸ್ಟಿನಿಂದ ನವೆಂಬರ್. ಕಾಲೇಜಿನದೂ ಅದೇ ಹೊತ್ತಿಗೆ. ತಮ್ಮ ಪಂದ್ಯಗಳಲ್ಲೇ ಮುಳುಗಿದ ಕಾಲೇಜು ಕೋಚ್‌ಗಳಿಗೆ ಹೈಸ್ಕೂಲ್ ಜಿಮ್ ಸುತ್ತಲು ಬಿಡುವೆಲ್ಲಿ? ಅವರು ಹುಡುಗಿಯರನ್ನು ಆರಿಸುವುದು ಹೆಚ್ಚಾಗಿ ಜನವರಿಯಿಂದ ಬೇಸಿಗೆವರೆಗಿನ ಕ್ಲಬ್ ಪಂದ್ಯಾವಳಿಗಳಲ್ಲಿ. ಒಂದೇ ಸಭಾಂಗಣದಲ್ಲಿ ಹತ್ತಾರು ಅಂಗಳ, ನೂರಾರು ತಂಡ. ಕ್ಲಬ್ ಆಟ ಶಾಲೆಯದಲ್ಲ, ಶುಲ್ಕ, ವಿಮಾನ, ಹೋಟೆಲ್ ಎಲ್ಲ ಮನೆಯವರ ಜೇಬಿನಿಂದ. ಮೊಮ್ಮಗಳು ಕ್ಲಬ್ಬಿನಲ್ಲಿ ಆಡುತ್ತಿದ್ದಾಳೆಯೇ ಎಂದು ಪತ್ರದಲ್ಲಿಲ್ಲ. ಮೊದಲು ಕೇಳಬೇಕಾದ್ದು ಅದನ್ನೇ.

ಅಲ್ಲಿನ ಕಾಲೇಜು ಕ್ರೀಡೆಗಳನ್ನು ನಡೆಸುವ ಎನ್‌ಸಿಎಎ ಸಂಸ್ಥೆಯ ಅತಿ ಮೇಲಿನ ಹಂತವಾದ ಡಿವಿಷನ್ ಒಂದರ ಕೋಚ್‌ಗಳು ಹತ್ತನೇ ತರಗತಿ ಮುಗಿದ ಮೇಲೆ ಬರುವ ಜೂನ್ 15ರಿಂದ ನೇರವಾಗಿ ಸಂಪರ್ಕಿಸಬಹುದು. ಇವಳಿಗೆ ಆ ದಿನ ಕಳೆದಿದೆ. ಹಾಗೆಂದು ಬಾಗಿಲು ಮುಚ್ಚಿಲ್ಲ, ಅವಳೇ ಬರೆಯಬಹುದು. ಇಮೇಲಿನಲ್ಲಿ ಎತ್ತರ, ಜರ್ಸಿ ಸಂಖ್ಯೆ, ಜಿಪಿಎ (ಓದಿನ ಸರಾಸರಿ ಅಂಕ), ಕ್ಲಬ್ ವೇಳಾಪಟ್ಟಿ ಇರಲಿ. ಜೊತೆಗೆ ಎರಡು ವಿಡಿಯೊ ಬೇಕು: ಆಯ್ದ ಹೊಡೆತಗಳದ್ದೊಂದು, ಕತ್ತರಿ ಹಾಕದ ಪೂರ್ತಿ ಸೆಟ್ಟಿನದೊಂದು. ಎರಡನೆಯದು ಇಲ್ಲದಿದ್ದರೆ ಮೊದಲನೆಯದನ್ನು ಯಾರೂ ನಂಬುವುದಿಲ್ಲ. ಹಿಂದಿನ ಸಾಲಿನಲ್ಲಿ ಅವಳಿಗೆ ಹೈಸ್ಕೂಲಿನಲ್ಲಿ ಅವಕಾಶ ಸಿಕ್ಕಿಲ್ಲವಾದ್ದರಿಂದ ಸರ್ವ್ ಎತ್ತುವುದನ್ನು ಕ್ಲಬ್ಬಿನಲ್ಲಾದರೂ ಚಿತ್ರೀಕರಿಸಲಿ. ಆರೂ ಸ್ಥಾನ ಆಡಬಲ್ಲ ಔಟ್‌ಸೈಡ್‌ಗೆ ಬೇಡಿಕೆಯೇ ಬೇರೆ. ಓದಿನಲ್ಲಿ ಡಿವಿಷನ್ ಒಂದಕ್ಕೆ 16 ಕೋರ್ ವಿಷಯಗಳು ಮುಗಿದಿರಬೇಕು. ಡಿವಿಷನ್ ಮೂರರ ಕಾಲೇಜುಗಳಲ್ಲಿ ಆಟಕ್ಕೆಂದು ಸ್ಕಾಲರ್‌ಶಿಪ್ ಇಲ್ಲವೇ ಇಲ್ಲ, ಓದಿಗೆ ಸಿಗುವ ನೆರವು ಮಾತ್ರ. ನಿಮ್ಮ ಮೊಮ್ಮಗಳ ಅಂಕಪಟ್ಟಿ ನೀವು ಬರೆದಷ್ಟು ಚೆನ್ನಾಗಿದ್ದರೆ ಆ ದಾರಿಯನ್ನೂ ಕಡೆಗಣಿಸಬೇಡಿ.

ಕೊನೆಗೆ ಪ್ಯಾಚು. ಬೇಸಿಗೆಯಲ್ಲಿ ಅಲ್ಲಿಗೆ ಹೋದಾಗ ನೀವೇ ಹೊಲಿದುಕೊಡುವುದಾಗಿ ಹೇಳಿದ್ದೀರಿ. ಆ ಜಾಕೆಟ್ಟಿನ ಮೈ ಸಾಮಾನ್ಯವಾಗಿ ಉಣ್ಣೆಯದು, ತೋಳು ಚರ್ಮದ್ದು. ಮೈಮೇಲಾದರೆ ಪ್ಯಾಚಿನ ಬಣ್ಣದ್ದೇ ಗಟ್ಟಿ ದಾರದಲ್ಲಿ ಅಂಚಿಗೆ ಸಣ್ಣ ಕೈಹೊಲಿಗೆ ಸಾಕು. ಒಂದು ಕೈಯನ್ನು ಜೇಬಿನೊಳಗೆ ಇಟ್ಟುಕೊಂಡೇ ಹೊಲಿಯಿರಿ, ಇಲ್ಲದಿದ್ದರೆ ಒಳಬಟ್ಟೆಯೂ ಜೇಬೂ ಸೇರಿ ಹೊಲಿದುಹೋಗುತ್ತವೆ. ತೋಳಿನ ಮೇಲೆ ಬೇಕೆಂದರೆ ಚರ್ಮದ ಸೂಜಿಯೇ ಆಗಬೇಕು. ಅಲ್ಲಿ ಬಿದ್ದ ತೂತು ಮುಚ್ಚುವುದಿಲ್ಲವಾದ್ದರಿಂದ ಪಿನ್ ಚುಚ್ಚಬೇಡಿ, ಜಾಗ ಗೊತ್ತುಮಾಡಲು ಟೇಪ್ ಅಂಟಿಸಿ. ಪಕ್ಕದಲ್ಲಿ ಇನ್ನೊಂದಕ್ಕೆ ಜಾಗ ಬಿಡಿ, ಅವಳಿಗೆ ಇನ್ನೂ ಒಂದು ಸೀಸನ್ ಇದೆ.