ಅಜ್ಜ ಕಂಡಿದ್ದು ಸ್ಪುಟ್ನಿಕ್ಕೇ ಹೌದಾ?

ಅಜ್ಜ ಸ್ಪುಟ್ನಿಕ್ ನೋಡಿದ್ದರು ಅಂತ ಲೇಖನದಲ್ಲಿ ಬರೆಯಬಹುದಾ ಎಂದು ಕೇಳಿದ್ದೀರಿ. 1957ರಲ್ಲಿ ಅವರು ಬರಿಗಣ್ಣಲ್ಲಿ ಕಂಡ ‘ಓಡುವ ಚುಕ್ಕಿ’ ಬಹುಶಃ ಸೋವಿಯತ್ ಒಕ್ಕೂಟದ ಮೊದಲ ಕೃತಕ ಉಪಗ್ರಹ ಸ್ಪುಟ್ನಿಕ್ ಅಲ್ಲ, ಅದನ್ನು ಮೇಲಕ್ಕೆ ಒಯ್ದ ರಾಕೆಟ್ಟಿನ ನಡುಭಾಗ. ಉಪಗ್ರಹ ಬರೀ 58 ಸೆಂ.ಮೀ. ಗುಂಡು. ರಾಕೆಟ್ ಭಾಗ 20 ಮೀಟರಿಗೂ ಜಾಸ್ತಿ ಉದ್ದ, ಅದೂ ಭೂಮಿ ಸುತ್ತುತ್ತಿತ್ತು.

ಮೊದಲು ತಿಂಗಳು ಕೇಳಿ. ಉಡಾವಣೆ ಆಗಿದ್ದು ಅಕ್ಟೋಬರ್ 4ಕ್ಕೆ. ನವೆಂಬರ್ 3ರ ನಂತರ ನೋಡಿದ್ದಾದರೆ ಲೈಕಾ ನಾಯಿ ಹೋದ ಸ್ಪುಟ್ನಿಕ್ 2 ಕೂಡ ಆಗಿರಬಹುದು, ಆಗ ಖಚಿತವಾಗಿ ಹೇಳೋದು ಕಷ್ಟ.

ಆಮೇಲೆ ಹೊತ್ತು ಕೇಳಿ. ಮುಸ್ಸಂಜೆ ಇಲ್ಲವೇ ನಸುಕು ಆಗಿರಬೇಕು. ಕೆಳಗೆ ಕತ್ತಲು, ಮೇಲೆ ಬಿಸಿಲು ಇದ್ದರೆ ಮಾತ್ರ ಅದು ಕಾಣುತ್ತದೆ, ಅಲ್ವಾ? ಆಕಾಶ ದಾಟಲು ಕೆಲವು ನಿಮಿಷವಾದರೂ ಬೇಕು. ಕ್ಷಣದಲ್ಲಿ ಮಾಯವಾಯಿತು ಅಂದರೆ ಉಲ್ಕೆ.

ಎರಡೂ ಹೊಂದಿದರೆ ಲೇಖನದಲ್ಲಿ ಸುಮ್ನೆ ‘ಸ್ಪುಟ್ನಿಕ್ಕಿನ ರಾಕೆಟ್’ ಎಂದು ಬರೆಯಿರಿ.