ಗೋಪುರದ ಮೂಗೋ, ಗರ್ಭಗುಡಿಯ ಮುಂದಿನ ಅಂಕಣವೋ: ‘ಸುಕನಾಸಿ’ ಎಂದರೆ ಯಾವುದು?

ಪ್ರಶ್ನೆ: ನಮ್ಮೂರಿನ ಹೊಯ್ಸಳರ ಕಾಲದ ಈಶ್ವರ ದೇವಸ್ಥಾನದ ಬಗ್ಗೆ ಸಣ್ಣದೊಂದು ಪರಿಚಯ ಪುಸ್ತಿಕೆ ಬರೆಯುವ ಕೆಲಸ ನನ್ನ ಪಾಲಿಗೆ ಬಂದಿದೆ. ಹಳೆಯ ವರದಿಯೊಂದರಲ್ಲಿ ನಮ್ಮ ಗುಡಿಗೆ ‘ಗರ್ಭಗೃಹ, ಸುಖನಾಸಿ ಮತ್ತು ನವರಂಗ’ಗಳಿವೆ ಎಂದಿದೆ. ಅರ್ಚಕರು ಗರ್ಭಗುಡಿಯ ಬಾಗಿಲ ಮುಂದಿನ ಇಕ್ಕಟ್ಟಾದ ಜಾಗವನ್ನೇ ‘ಸುಕನಾಸಿ’ ಎನ್ನುತ್ತಾರೆ. ಆದರೆ ಇತ್ತೀಚೆಗೆ ಓದಿದ ಪುಸ್ತಕವೊಂದರಲ್ಲಿ ‘ಶುಕನಾಸ’ ಎಂದರೆ ಶಿಖರದ ಮುಂದಕ್ಕೆ ಚಾಚಿಕೊಂಡಿರುವ ಭಾಗ ಎಂದಿತ್ತು. ಇವೆರಡರಲ್ಲಿ ಸರಿ ಯಾವುದು? ಶುಕ, ಸುಕ, ಸುಖ ಇವುಗಳಲ್ಲಿ ಯಾವ ಕಾಗುಣಿತ ಬಳಸಬೇಕು? ನಮ್ಮ ಗುಡಿಯ ಶಿಖರ ಬಿದ್ದುಹೋಗಿ ಬಹಳ ಕಾಲವಾಗಿದೆ. ಹಾಗಿದ್ದ ಮೇಲೆ ನಮ್ಮಲ್ಲಿ ಸುಕನಾಸಿ ಇದೆ ಎನ್ನಬೇಕೋ ಇಲ್ಲವೆನ್ನಬೇಕೋ?
– ಹಾಸನ ಜಿಲ್ಲೆಯ ಓದುಗರು

ಉತ್ತರ: ಮಾನ್ಯರೇ, ನಿಮ್ಮ ಅರ್ಚಕರೂ ತಪ್ಪು ಹೇಳಿಲ್ಲ, ನೀವು ಓದಿದ ಪುಸ್ತಕವೂ ತಪ್ಪು ಬರೆದಿಲ್ಲ. ಪದ ಹುಟ್ಟಿದ್ದು ಮೇಲೆ, ಶಿಖರದಲ್ಲಿ. ಕನ್ನಡ ನಾಡಿನ ಬಳಕೆಯಲ್ಲಿ ಅದು ಕೆಳಗಿಳಿದು ಗುಡಿಯ ಒಳಗೂ ನೆಲೆ ಮಾಡಿಕೊಂಡಿತು. ಮೊದಲಿನದು ಶಾಸ್ತ್ರಗ್ರಂಥಗಳ ಅರ್ಥ, ಎರಡನೆಯದು ನಮ್ಮ ರೂಢಿಯ ಅರ್ಥ. ಒಂದೇ ಬರಹದಲ್ಲಿ ಎರಡನ್ನೂ ಹೇಳದೆಕೇಳದೆ ಬೆರೆಸಿದಾಗ ಮಾತ್ರ ಓದುಗನಿಗೆ ತೊಡಕು.

ಮೊದಲು ಶಿಖರದ ಅರ್ಥವನ್ನು ನೋಡೋಣ. ಶುಕ ಎಂದರೆ ಗಿಳಿ, ನಾಸಾ ಎಂದರೆ ಮೂಗು. ಗುಡಿಯ ಎದುರಿಗೆ ನಿಂತು ನೋಡುವವರಿಗೆ ಈ ಹೆಸರು ಏಕೆಂದು ಹೊಳೆಯುವುದೇ ಇಲ್ಲ, ಏಕೆಂದರೆ ಎದುರಿನಿಂದ ಕಾಣುವುದು ದೊಡ್ಡದೊಂದು ಕಮಾನಿನಾಕಾರದ ಕೆತ್ತನೆ ಮಾತ್ರ. ಪಕ್ಕಕ್ಕೆ ಹೋಗಿ ಸ್ವಲ್ಪ ದೂರದಲ್ಲಿ ನಿಂತು ನೋಡಬೇಕು. ಗರ್ಭಗುಡಿಯ ಮೇಲೆ ಶಿಖರ ಎತ್ತರಕ್ಕೆ ಏರಿರುತ್ತದೆ. ನವರಂಗದ, ಅಂದರೆ ಗುಡಿಯೊಳಗಿನ ಕಂಬಗಳ ಮಂಟಪದ, ಮೇಲೆ ಚಪ್ಪಟೆಯಾದ ಮಾಳಿಗೆ ಇರುತ್ತದೆ. ಇವೆರಡರ ನಡುವೆ ಶಿಖರದ ಮುಖದಿಂದ ಹೊರಟು ಮುಂದಕ್ಕೆ ಚಾಚಿ ಥಟ್ಟನೆ ಕಡಿದಂತೆ ನಿಲ್ಲುವ ಒಂದು ಭಾಗ ಕಾಣುತ್ತದೆ. ಶಿಖರವನ್ನು ಒಂದು ಮುಖ ಎಂದುಕೊಂಡರೆ ಅದು ಆ ಮುಖದ ಮೂಗು, ಅದೂ ಗಿಳಿಯ ಕೊಕ್ಕಿನಂತೆ ಉಬ್ಬಿ ಬಂದ ಮೂಗು. ಹೊಯ್ಸಳರ ಗುಡಿಗಳಲ್ಲಿ ಈ ಮೂಗಿಗೂ ಶಿಖರದ್ದೇ ಅಲಂಕಾರ ಇರುತ್ತದೆ, ಆದರೆ ಸಾಮಾನ್ಯವಾಗಿ ಒಂದು ತಲ, ಅಂದರೆ ಅಂತಸ್ತು, ಕಡಿಮೆ ಇರುತ್ತದೆ. ಹಾಗಾಗಿ ದೊಡ್ಡ ಶಿಖರವೇ ತನ್ನ ಚಿಕ್ಕದೊಂದು ತುಂಡನ್ನು ಮುಂದಕ್ಕೆ ತಳ್ಳಿದಂತೆ ತೋರುತ್ತದೆ.

ಈ ಮೂಗು ಗಾಳಿಯಲ್ಲಿ ತೇಲುವುದಿಲ್ಲ, ಅದರ ಕೆಳಗೆ ಏನಾದರೂ ಇರಲೇಬೇಕು. ಇರುವುದು ಗರ್ಭಗುಡಿಯನ್ನೂ ನವರಂಗವನ್ನೂ ಕೂಡಿಸುವ ಕಿರಿದಾದ ಅಂಕಣ, ಅಂದರೆ ಅಂತರಾಳ. ಆ ಅಂತರಾಳದ ಚಾವಣಿಯ ಮೇಲೆ ಶುಕನಾಸ ಕುಳಿತಿರುತ್ತದೆ. ನಿಮ್ಮ ಪ್ರಶ್ನೆಯ ಅರ್ಧ ಉತ್ತರ ಈ ಒಂದು ವಾಕ್ಯದಲ್ಲೇ ಇದೆ: ನಿಮ್ಮ ಅರ್ಚಕರು ತೋರಿಸುವ ಜಾಗವೂ ಪುಸ್ತಕ ಹೇಳುವ ಜಾಗವೂ ಒಂದರ ಮೇಲೊಂದು ಇವೆ.

ಪದ ಹಳೆಯದು. ಮತ್ಸ್ಯಪುರಾಣದ ಪ್ರಾಸಾದಲಕ್ಷಣದ ಭಾಗದಲ್ಲಿ ಶಿಖರವನ್ನು ನಾಲ್ಕು ಪಾಲು ಮಾಡಿ, ಅವುಗಳಲ್ಲಿ ಎರಡು ಪಾಲಿನಷ್ಟು ಎತ್ತರಕ್ಕೆ ಶುಕನಾಸವನ್ನೂ ಮೂರನೆಯ ಪಾಲಿನಲ್ಲಿ ವೇದಿಕೆಯನ್ನೂ ನಾಲ್ಕನೆಯದರಲ್ಲಿ ಕಂಠ ಮತ್ತು ಆಮಲಸಾರಗಳನ್ನೂ (ಶಿಖರದ ಕುತ್ತಿಗೆ ಮತ್ತು ಅದರ ಮೇಲಿನ ನೆಲ್ಲಿಕಾಯಿಯಾಕಾರದ ಕಲ್ಲು) ಮಾಡಬೇಕು ಎಂಬ ವಿಧಿ ಇದೆ. ಅಲ್ಲಿ ಶುಕನಾಸವೆಂದರೆ ಶಿಖರದ ಅಂಗವೇ, ಅನುಮಾನವಿಲ್ಲ. ನಮ್ಮ ನಾಡಿನಲ್ಲಿ ಅದು ಬೆಳೆದ ಬಗೆಯನ್ನು ಪಟ್ಟದಕಲ್ಲಿನ ಒಂದೇ ಆವರಣದಲ್ಲಿ ನೋಡಬಹುದು. ಬಾದಾಮಿ ಚಾಲುಕ್ಯರ ವಿಜಯಾದಿತ್ಯ ಕಟ್ಟಿಸಿದ ಸಂಗಮೇಶ್ವರದ ದ್ರಾವಿಡ ಶಿಖರಕ್ಕೆ ಈ ಮೂಗು ಇಲ್ಲ. ಅವನ ಸೊಸೆ ಲೋಕಮಹಾದೇವಿ, ಗಂಡ ಇಮ್ಮಡಿ ವಿಕ್ರಮಾದಿತ್ಯನ ಕಂಚಿಯ ವಿಜಯದ ನೆನಪಿಗೆ 740ರ ಸುಮಾರಿನಲ್ಲಿ ಕಟ್ಟಿಸಿದ ವಿರೂಪಾಕ್ಷ ದೇವಾಲಯದ ಶಿಖರಕ್ಕೆ ಅದು ಇದೆ, ಅದರ ಕಮಾನಿನೊಳಗೆ ನಟರಾಜ ಕುಣಿಯುತ್ತಾನೆ. ಒಂದು ತಲೆಮಾರಿನ ಅಂತರದಲ್ಲಿ ಆದ ಬದಲಾವಣೆಯನ್ನು ಎರಡೂ ಗುಡಿಗಳ ದಕ್ಷಿಣಕ್ಕೆ ನಿಂತು ಕಣ್ಣಾರೆ ಕಾಣಬಹುದು. ಅಲ್ಲಿಯೇ ಇರುವ ಕಾಶಿವಿಶ್ವನಾಥ ದೇವಾಲಯದ ಶಿಖರ ರೇಖಾನಾಗರ ಶೈಲಿಯದು, ಅಂದರೆ ಉತ್ತರ ಭಾರತದ ಬಗೆಯ ಬಾಗಿ ಮೇಲೇರುವ ಶಿಖರ. ಅದರ ಶುಕನಾಸದಲ್ಲಿ ಶಿವ ಕುಣಿಯುತ್ತಾನೆ, ಪಕ್ಕದಲ್ಲಿ ಪಾರ್ವತಿ ಇದ್ದಾಳೆ. ಶೈಲಿ ಯಾವುದೇ ಇರಲಿ, ಶುಕನಾಸದ ಮುಖ ಎಂದರೆ ಗುಡಿಯ ಒಡೆಯ ಯಾರೆಂದು ದೂರದಿಂದಲೇ ಸಾರುವ ಫಲಕ.

ಹೊಯ್ಸಳರು ಇದೇ ಜಾಗದಲ್ಲಿ ತಮ್ಮ ಮನೆತನದ ಗುರುತನ್ನು ಇಟ್ಟರು. ಹಾಸನದ ಬಳಿಯ ದೊಡ್ಡಗದ್ದವಳ್ಳಿಯ ಲಕ್ಷ್ಮೀದೇವಿ ಗುಡಿ ಹನ್ನೆರಡನೆಯ ಶತಮಾನದ ಆರಂಭದ್ದು. ತರೀಕೆರೆಯ ಬಳಿಯ ಅಮೃತಾಪುರದ ಅಮೃತೇಶ್ವರ 1196ರದು. ಎರಡರಲ್ಲೂ ಶಿಖರದ ಮುಂದಿನ ಮೂಗಿನ ಮೇಲೆ ಸಿಂಹದೊಡನೆ ಸೆಣಸುವ ಸಳನ ಪ್ರತಿಮೆ ಬಿಡಿ ಶಿಲ್ಪವಾಗಿ ನಿಂತಿದೆ. ಬಹಳ ಮಂದಿ ಇದನ್ನು ಹೊಯ್ಸಳರ ಹೊಸ ಕಲ್ಪನೆ ಎಂದು ತಿಳಿಯುತ್ತಾರೆ. ಆದರೆ ಅಗ್ನಿಪುರಾಣವೂ ಶಿಖರದ ಅರ್ಧ ಎತ್ತರದಲ್ಲಿ ಸಿಂಹವನ್ನು ಮಾಡಿಸಬೇಕೆಂದು, ಶುಕನಾಸದ ಮಾತು ಬರುವಲ್ಲಿಯೇ ಹೇಳುತ್ತದೆ. ಉತ್ತರ ಭಾರತದ ಎಷ್ಟೋ ಗುಡಿಗಳಲ್ಲಿ ಶುಕನಾಸದ ತುದಿಯಲ್ಲಿ ಸಿಂಹ ಕೂತಿರುತ್ತದೆ. ನನಗೆ ತೋರುವಂತೆ ಹೊಯ್ಸಳ ಶಿಲ್ಪಿಗಳು ಶಾಸ್ತ್ರ ಮೊದಲೇ ಸಿಂಹಕ್ಕೆ ಮೀಸಲಿಟ್ಟ ಪೀಠದ ಮೇಲೆ, ‘ಹೊಯ್ ಸಳ’ ಎಂದು ಗುರು ಕೂಗಿದ ಕಥೆಯನ್ನು ಜಾಣತನದಿಂದ ಹತ್ತಿಸಿದರು. ಜಾಗ ಹಳೆಯದು, ಕಥೆ ಮನೆಯದು.

ಇನ್ನು, ಮೇಲಿನ ಹೆಸರು ಕೆಳಗೆ ಇಳಿದದ್ದು ಹೇಗೆ? ಇದು ವಿಚಿತ್ರವೇನಲ್ಲ. ಗುಡಿಗೆ ಸಂಬಂಧಿಸಿದ ನಮ್ಮ ಪದಗಳಲ್ಲಿ ಹೀಗೆ ಜಾಗ ಬದಲಿಸದವು ಕಡಿಮೆ. ಗೋಪುರ ಎಂದರೆ ಮೊದಲಿಗೆ ಊರಿನ ಅಥವಾ ಪ್ರಾಕಾರದ ಹೆಬ್ಬಾಗಿಲು. ಈಗ ನಾವು ಗರ್ಭಗುಡಿಯ ಮೇಲಿನದನ್ನೂ ಗೋಪುರ ಎನ್ನುತ್ತೇವೆ, ನಾನೇ ಈ ಉತ್ತರದ ತಲೆಬರಹದಲ್ಲಿ ಹಾಗೆ ಬರೆದಿದ್ದೇನೆ. ದ್ರಾವಿಡ ಪದ್ಧತಿಯ ಗ್ರಂಥಗಳಲ್ಲಿ ಶಿಖರ ಎಂದರೆ ಕಂಠದ ಮೇಲೆ, ಕಲಶದ ಕೆಳಗೆ ಇರುವ ಗುಮ್ಮಟದಂಥ ಭಾಗ ಮಾತ್ರ. ಬಾಯಿಮಾತಿನಲ್ಲಿ ಮಾಳಿಗೆಯ ಮೇಲೆ ಏರುವುದೆಲ್ಲ ಶಿಖರವೇ. ವಿಮಾನ ಎಂದರೆ ಅಧಿಷ್ಠಾನದಿಂದ, ಅಂದರೆ ಬುಡದ ಪೀಠದಿಂದ, ಕಲಶದವರೆಗಿನ ಇಡೀ ಕಟ್ಟಡ. ಆದರೂ ಮೇಲ್ಭಾಗವನ್ನಷ್ಟೇ ವಿಮಾನ ಎನ್ನುವವರೇ ಹೆಚ್ಚು. ಇದೇ ಜಾಡಿನಲ್ಲಿ, ಮೇಲೆ ಶುಕನಾಸ ಇರುವ ಅಂಕಣಕ್ಕೆ ಸುಕನಾಸಿ ಎಂಬ ಹೆಸರು ಅಂಟಿಕೊಂಡಿದೆ.

ಈ ಒಳಗಿನ ಅರ್ಥ ಪುಸ್ತಕಗಳಲ್ಲಿ ಗಟ್ಟಿಯಾದದ್ದು ಹಳೆಯ ಮೈಸೂರು ಸಂಸ್ಥಾನದ ಪುರಾತತ್ವ ಇಲಾಖೆಯಿಂದ. 1906ರಿಂದ 1922ರವರೆಗೆ ಅದರ ಹೊಣೆ ಹೊತ್ತಿದ್ದ ಆರ್. ನರಸಿಂಹಾಚಾರ್ಯರು ಊರೂರು ತಿರುಗಿ ಗುಡಿಗಳನ್ನು ವರ್ಣಿಸುವಾಗ, ಗರ್ಭಗೃಹ, ಸುಖನಾಸಿ, ನವರಂಗ, ಮುಖಮಂಟಪ ಎಂಬ ಸ್ಥಳೀಯ ಮಾತುಗಳನ್ನೇ ಇಂಗ್ಲಿಷ್ ವರದಿಗಳಲ್ಲಿಯೂ ಬಳಸಿದರು. ಅವರ ಬರಹದಲ್ಲಿ ಸುಖನಾಸಿ ಎಂದರೆ ಗರ್ಭಗುಡಿಯ ಮುಂದಿನ ಅಂಕಣವೇ. ಮುಂದೆ ಬಂದವರು ಆ ಸರಣಿಯನ್ನೇ ಅನುಸರಿಸಿದರು. ನೀವು ಓದಿದ ಹಳೆಯ ವರದಿಯ ಸಾಲು ಆ ಸಂಪ್ರದಾಯದ್ದು. ಭಾರತದಾದ್ಯಂತದ ದೇವಾಲಯಗಳನ್ನು ಒಂದೇ ಪರಿಭಾಷೆಯಲ್ಲಿ ವಿವರಿಸಹೊರಟ ಈಚಿನ ವಿದ್ವಾಂಸರು ಶಾಸ್ತ್ರಗ್ರಂಥಗಳ ಅರ್ಥಕ್ಕೆ ಮರಳಿ, ಕೆಳಗಿನದನ್ನು ಅಂತರಾಳ ಎಂದೂ ಮೇಲಿನದನ್ನು ಶುಕನಾಸ ಎಂದೂ ಬೇರ್ಪಡಿಸಿದರು.

ರೂಢಿಯ ಅರ್ಥ ಇಷ್ಟು ಗಟ್ಟಿಯಾಗಿ ಉಳಿಯಲು ಇನ್ನೊಂದು ಕಾರಣವೂ ಇರಬೇಕೆಂದು ನನ್ನ ಅನಿಸಿಕೆ. ಹೊಯ್ಸಳರ ಗುಡಿ ಎಂದೊಡನೆ ಜನ ಹೋಗುವುದು ಬೇಲೂರಿಗೆ ಮತ್ತು ಹಳೇಬೀಡಿಗೆ. ಬೇಲೂರಿನ ಚೆನ್ನಕೇಶವನ ಶಿಖರವನ್ನು ಹತ್ತೊಂಬತ್ತನೆಯ ಶತಮಾನದಲ್ಲಿ ಕಳಚಿ ಇಳಿಸಲಾಯಿತು, ಹಳೇಬೀಡಿನ ಹೊಯ್ಸಳೇಶ್ವರಕ್ಕೆ ಈಗ ಶಿಖರವೇ ಇಲ್ಲ. ಮೇಲೆ ತೋರಿಸಲು ಮೂಗೇ ಇಲ್ಲದ ಕಡೆ ಪದ ಎಲ್ಲಿ ಉಳಿಯಬೇಕು? ಒಳಗೆ ಉಳಿಯಿತು. ಬೇಲೂರಿನಲ್ಲಿ ಜಯವಿಜಯರು ಎರಡೂ ಬದಿ ಕಾಯುವ, ಕಲ್ಲನ್ನು ದಂತದಂತೆ ಕೊರೆದ ಬಾಗಿಲುವಾಡದ ಮುಂದೆ ನಿಂತು ‘ಇದು ಸುಕನಾಸಿಯ ಬಾಗಿಲು’ ಎಂದರೆ ಯಾರಿಗೂ ಗೊಂದಲವಾಗುವುದಿಲ್ಲ. ಎರಡು ಅರ್ಥಗಳನ್ನೂ ಒಂದೇ ಕಡೆ ಪರೀಕ್ಷಿಸಬೇಕೆನಿಸಿದರೆ, 1268ರಲ್ಲಿ ಸೋಮನಾಥ ದಂಡನಾಯಕ ಕಟ್ಟಿಸಿದ ಸೋಮನಾಥಪುರದ ಕೇಶವ ದೇವಾಲಯಕ್ಕೆ ಹೋಗಿ. ಅಲ್ಲಿ ಮೂರು ಗರ್ಭಗುಡಿಗಳೂ ಮೂರು ಶಿಖರಗಳೂ ಉಳಿದಿವೆ. ಒಳಗೆ ನವರಂಗದಿಂದ ಯಾವುದೇ ಗರ್ಭಗುಡಿಯತ್ತ ಹೆಜ್ಜೆ ಹಾಕಿದರೂ ನಡುವೆ ಒಂದು ಅಂಕಣ ಅಡ್ಡ ಬರುತ್ತದೆ. ಹೊರಗೆ ಬಂದು ಜಗತಿಯ, ಅಂದರೆ ಗುಡಿ ನಿಂತಿರುವ ಎತ್ತರದ ಜಗಲಿಯ, ಮೇಲೆ ಸುತ್ತು ಹಾಕಿ ತಲೆ ಎತ್ತಿದರೆ, ಅದೇ ಅಂಕಣದ ನೆತ್ತಿಯ ಮೇಲೆ ಶಿಖರದ ಮೂಗು ಕಾಣುತ್ತದೆ.

ಕಾಗುಣಿತದ ವಿಷಯ ಇದಕ್ಕಿಂತ ಸ್ವಾರಸ್ಯದ್ದು. ಸಂಸ್ಕೃತದ ಶಕಾರ ಕನ್ನಡದ ತದ್ಭವಗಳಲ್ಲಿ ಸಕಾರವಾಗುವುದು ನಮಗೆಲ್ಲ ಗೊತ್ತಿರುವುದೇ: ಪಶು ಪಸುವಾಗುತ್ತದೆ, ಶಶಿ ಸಸಿಯಾಗುತ್ತದೆ. ಅದೇ ದಾರಿಯಲ್ಲಿ ಶುಕ ಸುಕವಾಯಿತು, ಶುಕನಾಸಿ ಸುಕನಾಸಿಯಾಯಿತು. ಇಲ್ಲಿಯವರೆಗೆ ಎಲ್ಲ ಸರಿ. ಆದರೆ ಹಳ್ಳಿಯ ಬಾಯಲ್ಲಿ ಸುಖವೂ ಸುಕವೇ. ಹಾಗಾಗಿ ‘ಸುಕನಾಸಿ’ ಎಂಬ ಮಾತನ್ನು ಕೇಳಿದ ಓದುಬರಹ ಬಲ್ಲವರು, ಇದು ಸುಖನಾಸಿಯ ಅಪಭ್ರಂಶ ಇರಬೇಕೆಂದು ಭಾವಿಸಿ, ಇಲ್ಲದಿದ್ದ ಮಹಾಪ್ರಾಣವನ್ನು ಹಾಕಿ ‘ತಿದ್ದಿದರು’ ಎಂದು ತೋರುತ್ತದೆ. ತಿದ್ದಲೇಬೇಕಿದ್ದರೆ ತಿದ್ದಬೇಕಾಗಿದ್ದುದು ಕಕಾರವನ್ನಲ್ಲ, ಸಕಾರವನ್ನು. ಒಮ್ಮೆ ಸುಖ ಎಂದು ಬರೆದ ಮೇಲೆ ಅದಕ್ಕೊಂದು ಅರ್ಥವೂ ಬೇಕಾಯಿತು. ಧೂಪದ ಪರಿಮಳದಿಂದ ಮೂಗಿಗೆ ಸುಖ ಕೊಡುವ ಸ್ಥಳವಾದ್ದರಿಂದ ಸುಖನಾಸಿ ಎಂಬ ವಿವರಣೆಯನ್ನು ನಾನೂ ಗುಡಿಯೊಂದರಲ್ಲಿ ಕೇಳಿದ್ದೇನೆ. ಕೇಳಲು ಹಿತವಾಗಿದೆ, ಆದರೆ ಪದದ ಹುಟ್ಟಿಗೂ ಅದಕ್ಕೂ ಸಂಬಂಧವಿಲ್ಲ.

ಅಂದಮಾತ್ರಕ್ಕೆ ಹಳೆಯ ವರದಿಗಳ ‘ಸುಖನಾಸಿ’ಯನ್ನು ಅಚ್ಚಿನ ದೋಷ ಎನ್ನುವಂತಿಲ್ಲ. ಅದು ನೂರು ವರ್ಷಗಳಿಂದ ದೊಡ್ಡ ವಿದ್ವಾಂಸರ ಕೈಯಲ್ಲಿ ಓಡಾಡಿದ ರೂಪ. ವರದಿಯ ಸಾಲನ್ನು ಉದ್ಧರಿಸುವಾಗ ಇದ್ದಂತೆಯೇ ಬಿಡಿ, ನಿಮ್ಮ ಸ್ವಂತ ವಾಕ್ಯದಲ್ಲಿ ಮಾತ್ರ ಆ ರೂಪ ಬೇಡ.

ಬರಿಯ ‘ನಾಸಿ’ ಎಂಬ ಪದವೂ ಶಿಲ್ಪಶಾಸ್ತ್ರದಲ್ಲಿದೆ. ಅದನ್ನು ಇದರೊಡನೆ ಬೆರೆಸಬಾರದು. ದ್ರಾವಿಡ ಶಿಖರದ ಮೈಮೇಲೆ ಅಲ್ಲಲ್ಲಿ ಇರುವ ಕುದುರೆಲಾಳದ ಆಕಾರದ ಕಮಾನುಗಳು ನಾಸಿಗಳು; ದೊಡ್ಡವು ಮಹಾನಾಸಿ, ಸಣ್ಣವು ಅಲ್ಪನಾಸಿ. ಅವು ಶಿಖರದ ಎಲ್ಲ ದಿಕ್ಕಿಗೂ ಇರಬಹುದು. ಶುಕನಾಸ ಮುಂದುಗಡೆ ಮಾತ್ರ, ಮತ್ತು ಒಂದು ಶಿಖರಕ್ಕೆ ಒಂದೇ. ಸಂಸ್ಕೃತ ಬಲ್ಲ ಓದುಗರಿಗೆ ಶುಕನಾಸ ಎಂದೊಡನೆ ಬಾಣನ ಕಾದಂಬರಿಯಲ್ಲಿ ಚಂದ್ರಾಪೀಡನಿಗೆ ಬುದ್ಧಿ ಹೇಳುವ ಮಂತ್ರಿ ನೆನಪಾದರೆ ಆಶ್ಚರ್ಯವಿಲ್ಲ. ಹೆಸರು ಒಂದೇ, ಅವನಿಗೂ ಗುಡಿಗೂ ನಂಟಿಲ್ಲ.

ಇನ್ನು ನಿಮ್ಮ ಪುಸ್ತಿಕೆಯ ವಿಷಯ. ಕಟ್ಟಡದ ಮೇಲಿನ ಅಂಗಕ್ಕೆ ‘ಶುಕನಾಸ’ ಎಂದೂ ಒಳಗಿನ ಅಂಕಣಕ್ಕೆ ‘ಸುಕನಾಸಿ’ ಎಂದೂ ಬರೆದರೆ ಕಾಗುಣಿತವೇ ಎರಡು ಅರ್ಥಗಳನ್ನು ಬಿಡಿಸಿ ತೋರಿಸುತ್ತದೆ. ಇದು ನನ್ನ ಸಲಹೆಯಷ್ಟೇ, ಎಲ್ಲರೂ ಒಪ್ಪಿದ ನಿಯಮವಲ್ಲ. ಸುಕನಾಸಿ ಮೊದಲ ಬಾರಿ ಬಂದಾಗ ಪಕ್ಕದಲ್ಲಿ ಅಂತರಾಳ ಎಂದು ಸೇರಿಸಿಬಿಡಿ. ‘ಗರ್ಭಗುಡಿಯ ಮುಂದಿನ ಸುಕನಾಸಿ, ಅಂದರೆ ಅಂತರಾಳ, ಒಂದು ಅಂಕಣದಷ್ಟಿದೆ’ ಎಂಬಂಥ ವಾಕ್ಯ ಊರಿನವರಿಗೂ ಅರ್ಥವಾಗುತ್ತದೆ, ಹೊರಗಿನಿಂದ ಬಂದ ವಿದ್ಯಾರ್ಥಿಗೂ ಅರ್ಥವಾಗುತ್ತದೆ. ಬರೀ ಅಂತರಾಳ ಎಂದು ಬರೆದು ಊರಿನ ಮಾತನ್ನು ಕೈಬಿಡಬೇಡಿ, ಏಕೆಂದರೆ ಈ ಅರ್ಥದಲ್ಲಿ ಆ ಪದವನ್ನು ಉಳಿಸಿಕೊಂಡಿರುವುದು ನಿಮ್ಮ ಅರ್ಚಕರಂಥವರ ನಾಲಿಗೆಯೇ.

ಕೊನೆಯ ಪ್ರಶ್ನೆಗೆ ನೇರ ಉತ್ತರ: ನಿಮ್ಮ ಗುಡಿಗೆ ಸುಕನಾಸಿ ಇದೆ, ಶುಕನಾಸ ಈಗ ಇಲ್ಲ. ಇತ್ತೇ ಎಂದು ತಿಳಿಯುವ ಆಸೆ ಇದ್ದರೆ, ಅಪ್ಪಣೆ ಪಡೆದು ಬೆಳಗಿನ ಹೊತ್ತು ಮಾಳಿಗೆ ಹತ್ತಿ ಅಂತರಾಳದ ನೆತ್ತಿಯನ್ನು ಪರೀಕ್ಷಿಸಿ. ಗಾರೆಯ ಅಡಿಯಲ್ಲಿ ನವರಂಗದ ಕಡೆಗೆ ಮುಖ ಮಾಡಿದ ಅಚ್ಚುಕಟ್ಟಾದ ಕಲ್ಲಿನ ಸಾಲು ಅಥವಾ ಕೆತ್ತನೆಯ ತುಂಡು ಸಿಕ್ಕರೆ ಅದು ಮೂಗಿನ ಬುಡ ಇರಬಹುದು. ಗುಡಿಯ ಹಿತ್ತಲಿನಲ್ಲಿ ಗಿಡಗಂಟಿಗಳ ನಡುವೆ ಬಿದ್ದಿರುವ ಕಲ್ಲುಗಳನ್ನೂ ಒಮ್ಮೆ ನೋಡಿ. ಸಿಂಹದ ತಲೆಯೋ ಕಠಾರಿ ಹಿಡಿದ ಕೈಯೋ ಕಂಡರೆ ಅದನ್ನು ಎತ್ತಿ ಬೇರೆಡೆ ಇಡಬೇಡಿ, ಇದ್ದಲ್ಲಿಯೇ ಫೋಟೋ ತೆಗೆದು ಪುರಾತತ್ವ ಇಲಾಖೆಗೆ ತಿಳಿಸಿ.